ಬಿಸಿಲುಕೋಲು ಹಿಡಿದವರು ಯಾರವರು?

ಗುರುದತ್ ಬಾಳಿದ ಬಾಂದ್ರಾದ ಪಾಲಿ ಹಿಲ್ ದಾಟುವಾಗಲೆಲ್ಲ 'ನಮ್ಮವ, ಬೆಂಗಳೂರಿನಲ್ಲಿ ಹುಟ್ಟಿದವ' ಎಂದು ಎದೆಯುಬ್ಬಿಸುವ ಕನ್ನಡ ಬಂಧುಗಳೇ, ಮೈಸೂರಿನ ವಿ.ಕೆ. ಮೂರ್ತಿ ಯಾರವರು? 'ಕ್ಯಾಮರಾದವನದೇನು, ನಿರ್ದೇಶಕ ಹೇಳಿದಂತೆ ಮಾಡುತ್ತಾನೆ' ಎನ್ನುತ್ತೀರಿ. ಶುದ್ಧ ಸುಳ್ಳು! 1959ರ 'ಕಾಗಜ್ ಕೆ ಫೂಲ್'ನಲ್ಲಿ ಸ್ಟುಡಿಯೋದ ಕತ್ತಲನ್ನು ಸೀಳುವ ಬಿಸಿಲುಕೋಲು ತಾನಾಗಿ ಬಿದ್ದದ್ದಲ್ಲ. ಎರಡು ಕನ್ನಡಿ ಹಿಡಿಸಿ ಹೊರಗಿನ ಬಿಸಿಲನ್ನು ಮೂರ್ತಿ ಒಳಕ್ಕೆ ತಂದದ್ದು. ಬಿ.ಎಸ್ಸಿ. ಓದಿದ ನಾನು ಪ್ರತಿಫಲನದ ನಿಯಮ ಬಾಯಿಪಾಠ ಮಾಡಿ ಫೈಲು ಕಟ್ಟುತ್ತಿದ್ದೇನೆ. ಅವರು ಅದೇ ನಿಯಮದಿಂದ ಇಬ್ಬರ ವಿರಹ ತೋರಿಸಿದರು. ಚಿತ್ರ ಸೋತಿತು; ಛಾಯಾಗ್ರಹಣದ ಫಿಲಂಫೇರ್ ಮೂರ್ತಿಯವರಿಗೆ ಬಂತು. ಫಾಲ್ಕೆ ಪ್ರಶಸ್ತಿ ಕೈಸೇರಿದ್ದು 2010ರಲ್ಲಿ, 86ರ ವಯಸ್ಸಿನಲ್ಲಿ. ಛಾಯಾಗ್ರಾಹಕರಿಗೆ ಅದು ಸಂದದ್ದು ಅದೇ ಮೊದಲು. ದೆಹಲಿ ಅಷ್ಟು ತಡಮಾಡಿತು, ಸರಿ, ನಾವು? 2014ರಲ್ಲಿ ಅವರು ತೀರಿಕೊಂಡರು. ಇನ್ನು ಗುರುದತ್ ಚಿತ್ರ ತೋರಿಸುವಾಗ ಕರಪತ್ರದಲ್ಲಿ ಮೂರ್ತಿಯವರ ಹೆಸರೂ ಅಷ್ಟೇ ದಪ್ಪ ಅಕ್ಷರದಲ್ಲಿ ಅಚ್ಚಾಗಲಿ.