ಚೆರ್ರಿ ಹೂವಿನ ಪಿಂಚಣಿ

ದಕ್ಷಿಣ ಕೊರಿಯಾದಲ್ಲಿ ಮಾರ್ಚ್ ಕೊನೆಯ ಹೊತ್ತಿಗೆ ಚೆರ್ರಿ ಮರಗಳು ಎಲೆ ಚಿಗುರುವ ಮೊದಲೇ ಮೈತುಂಬ ಹೂ ತಳೆಯುತ್ತವೆ. ಹೂವಿನ ಬೆನ್ನಿಗೇ ಒಂದು ಹಾಡೂ ಬರುತ್ತದೆ. ‘ಬಸ್ಕರ್ ಬಸ್ಕರ್’ ಎಂಬ ಮೂವರ ತಂಡ 2012ರ ಮಾರ್ಚಿನಲ್ಲಿ ಹೊರತಂದ ‘ಚೆರ್ರಿ ಬ್ಲಾಸಮ್ ಎಂಡಿಂಗ್’ ಅದು. ಆ ವರ್ಷ ಎಲ್ಲೆಲ್ಲೂ ಅದೇ ಹಾಡು. ಅಂಥ ಹಾಡುಗಳು ಎಲ್ಲ ದೇಶದಲ್ಲೂ ಬರುತ್ತವೆ, ಹೋಗುತ್ತವೆ. ಇದು ಹೋಗಲಿಲ್ಲ. ಮರುವರ್ಷ ಹೂ ಬಿಟ್ಟಾಗ ಮತ್ತೆ ಜನಪ್ರಿಯ ಹಾಡುಗಳ ಪಟ್ಟಿ ಹತ್ತಿತು, ಅದರ ಮುಂದಿನ ವರ್ಷವೂ ಹತ್ತಿತು. ತಂಡ ಚದುರಿದರೂ ಹಾಡು ಮಾತ್ರ ಒಂದು ವಸಂತವನ್ನೂ ತಪ್ಪಿಸಲಿಲ್ಲ. ಅದನ್ನು ಬರೆದು ಹಾಡಿದ ಜಾಂಗ್ ಬೋಮ್-ಜುನ್ ಅವರಿಗೆ ವರ್ಷವರ್ಷವೂ ರಾಯಲ್ಟಿ ಬರುತ್ತದೆ. ಕೊರಿಯಾದ ಜನ ಇದಕ್ಕೆ ‘ಚೆರ್ರಿ ಹೂವಿನ ಪಿಂಚಣಿ’ ಎಂದು ಹೆಸರಿಟ್ಟುಬಿಟ್ಟಿದ್ದಾರೆ.

ಈ ಮಾತು ನನ್ನ ಮನಸ್ಸಿನಲ್ಲಿ ಬಹಳ ದಿನ ಉಳಿಯಿತು. ಪಿಂಚಣಿ ಎಂದಮೇಲೆ ಅದು ತಿಂಗಳು ತಿಂಗಳು ಬರುವ, ಎಣಿಸಿ ನೋಡಬಹುದಾದ ಹಣ. ಹಾಗೆ ನಿಯಮಿತವಾಗಿ ಬರುವ ಹಣ ಯಾವುದೇ ಇರಲಿ, ಅದಕ್ಕೊಂದು ಬೆಲೆ ಕಟ್ಟಿ ಇಡಿಯಾಗಿ ಕೊಳ್ಳುವವರು ಹುಟ್ಟಿಕೊಳ್ಳುತ್ತಾರೆ. ಮನೆಬಾಡಿಗೆಗೆ ಹುಟ್ಟಿಕೊಂಡರು, ಹೆದ್ದಾರಿಯ ಟೋಲ್‌ಗೆ ಹುಟ್ಟಿಕೊಂಡರು. ಕಳೆದ ಹತ್ತು ವರ್ಷಗಳಲ್ಲಿ ಕೊರಿಯಾದಲ್ಲಿ ಹಾಡಿಗೂ ಹುಟ್ಟಿಕೊಂಡಿದ್ದಾರೆ.

ಹಾಡು ಎಂಬುದು ಕೇಳುವವರಿಗೆ ಒಂದೇ ವಸ್ತು. ಹಕ್ಕಿನ ಲೆಕ್ಕದಲ್ಲಿ ಅದು ಹಲವು ಪಾಲು. ಸಾಹಿತ್ಯ ಬರೆದವರು, ರಾಗ ಸಂಯೋಜಿಸಿದವರು, ಹಾಡಿದವರು, ನುಡಿಸಿದವರು, ದುಡ್ಡು ಹಾಕಿ ಧ್ವನಿಮುದ್ರಿಸಿದವರು, ಎಲ್ಲರಿಗೂ ಬೇರೆಬೇರೆ ಹಕ್ಕು. ಕೊರಿಯಾದಲ್ಲಿ ಸ್ಟ್ರೀಮಿಂಗ್‌ನಿಂದ 100 ವೋನ್ ಬಂದರೆ 35 ವೋನ್ ಆ ಸೇವೆ ನಡೆಸುವ ಕಂಪನಿಗೆ ಹೋಗುತ್ತದೆ. ಧ್ವನಿಮುದ್ರಿಕೆಯ ಒಡೆಯರಿಗೆ 48.25. ಹಾಡುಗಾರರು, ವಾದ್ಯಗಾರರು ಎಲ್ಲ ಸೇರಿ 6.25. ಬರೆದವರು ಮತ್ತು ಸ್ವರ ಕೂಡಿಸಿದವರಿಗೆ ಉಳಿಯುವುದು 10.5. 2019ರಲ್ಲಿ ಜಾರಿಗೆ ಬಂದ ಈ ಹಂಚಿಕೆಯನ್ನು ನಾನು ಎರಡೆರಡು ಸಲ ಓದಿದೆ. ಹಾಡು ಯಾರ ತಲೆಯಲ್ಲಿ, ಯಾರ ಎದೆಯಲ್ಲಿ ಹುಟ್ಟಿತೋ ಅವರ ಪಾಲು ಇಷ್ಟೇ. ಆದರೂ ಆ ಸಣ್ಣ ಪಾಲಿಗೆ ಒಂದು ದೊಡ್ಡ ಗುಣವಿದೆ: ಅದರ ಆಯಸ್ಸು ಉದ್ದ. ಬರೆದವರು ತೀರಿಕೊಂಡ ಮೇಲೂ 70 ವರ್ಷ ಆ ಹಕ್ಕು ಬದುಕಿರುತ್ತದೆ. 1964ರಲ್ಲಿ ಹುಟ್ಟಿದ ಅಲ್ಲಿನ ಸಂಗೀತ ಹಕ್ಕುಸ್ವಾಮ್ಯ ಸಂಘ ಟಿವಿ, ರೇಡಿಯೊ, ಸಂಗೀತ ಕಚೇರಿಗಳಿಂದ ಹಣ ಸಂಗ್ರಹಿಸಿ ಹಂಚುತ್ತದೆ. 2018ರ ಆಗಸ್ಟ್‌ನಿಂದ 50 ಚದರ ಮೀಟರ್‌ಗಿಂತ ದೊಡ್ಡದಾದ ಕಾಫಿ ಅಂಗಡಿಗಳೂ ಜಿಮ್‌ಗಳೂ ಹಾಡು ಹಾಕಿದ್ದಕ್ಕೆ ದುಡ್ಡು ಕೊಡಬೇಕಾಗಿದೆ. ಹನಿಹನಿ ಕೂಡಿ ಬರುವ ಈ ಹಣದ ಮೇಲೆಯೇ ಹೂಡಿಕೆದಾರರ ಕಣ್ಣು ಬಿದ್ದದ್ದು.

2016ರಲ್ಲಿ ಶುರುವಾದ ಮ್ಯೂಸಿಕೌ ಎಂಬ ಕಂಪನಿ ಒಂದು ಹೊಸ ದಾರಿ ಹುಡುಕಿತು. ಹಾಡು ಬರೆದವರಿಂದ ರಾಯಲ್ಟಿಯ ಒಂದಂಶವನ್ನು ಕೊಂಡು, ಅದನ್ನು ಚೂರುಚೂರು ಮಾಡಿ, ಸಾಮಾನ್ಯ ಜನರಿಗೆ ಹರಾಜಿನಲ್ಲಿ ಮಾರುವುದು. ಕಾಲೇಜು ಹುಡುಗಿಯೊಬ್ಬಳು ತನಗಿಷ್ಟವಾದ ಹಾಡಿನ ಒಂದು ಚೂರನ್ನು ಫೋನಿನಲ್ಲೇ ಕೊಳ್ಳಬಹುದಿತ್ತು. ತಿಂಗಳಿಗೊಮ್ಮೆ ಅವಳ ಖಾತೆಗೆ ರಾಯಲ್ಟಿಯ ಪುಡಿಗಾಸು ಬರುತ್ತಿತ್ತು. ಬೇಡವೆನಿಸಿದರೆ ಇನ್ನೊಬ್ಬರಿಗೆ ಮಾರಬಹುದಿತ್ತು.

2021ರಲ್ಲಿ ಒಂದು ಹಾಡು ಈ ವ್ಯಾಪಾರವನ್ನು ಮನೆಮಾತು ಮಾಡಿತು. ‘ಬ್ರೇವ್ ಗರ್ಲ್ಸ್’ ಎಂಬ ಹುಡುಗಿಯರ ತಂಡ 2017ರಲ್ಲಿ ‘ರೋಲಿನ್’ ಎಂಬ ಹಾಡು ಹೊರತಂದಾಗ ಯಾರೂ ತಲೆಕೆಡಿಸಿಕೊಂಡಿರಲಿಲ್ಲ. ಸೈನಿಕ ಶಿಬಿರಗಳಲ್ಲಿ ಮಾತ್ರ ಅದಕ್ಕೆ ಎಲ್ಲಿಲ್ಲದ ಪ್ರೀತಿ. ಕಡ್ಡಾಯ ಸೇವೆಗೆ ಬಂದ ಹುಡುಗರು ಹೆಜ್ಜೆ ಹಾಕುತ್ತ, ಕೂಗುತ್ತ, ಹಾಡಿನ ಪ್ರತಿ ಸಾಲನ್ನೂ ತಂಡದ ಜೊತೆ ಹಾಡುತ್ತಿದ್ದರು. ಒಂದು ಬ್ಯಾಚು ಮನೆಗೆ ಹೋಗುವಾಗ ಮುಂದಿನ ಬ್ಯಾಚಿಗೆ ಕಲಿಸಿಹೋಗುತ್ತಿತ್ತಂತೆ. ತಂಡ ಇನ್ನೇನು ಮುರಿಯಬೇಕು ಎನ್ನುವಾಗ, 2021ರ ಫೆಬ್ರುವರಿಯಲ್ಲಿ ಯಾರೋ ಆ ಶಿಬಿರದ ಕಾರ್ಯಕ್ರಮಗಳ ತುಣುಕುಗಳನ್ನು ಜೋಡಿಸಿ ಯೂಟ್ಯೂಬಿಗೆ ಹಾಕಿದರು. ಕೆಲವೇ ದಿನಗಳಲ್ಲಿ ನಾಲ್ಕು ವರ್ಷ ಹಳೆಯ ಹಾಡು ಮೊದಲ ಸ್ಥಾನದಲ್ಲಿತ್ತು. ಮ್ಯೂಸಿಕೌದಲ್ಲಿ ಅದರ ಚೂರಿನ ಬೆಲೆ ಹತ್ತಾರು ಪಟ್ಟು ಏರಿತು. ಆಮೇಲೆ ಅಷ್ಟೇ ರಭಸದಲ್ಲಿ ಇಳಿಯಿತು. ಮೇಲೆ ಇದ್ದಾಗ ಕೊಂಡವರಲ್ಲಿ ಬಹಳ ಜನ ಎಳೆಯ ವಯಸ್ಸಿನವರು.

ನಮ್ಮ ಮಲೆನಾಡಿನಲ್ಲಿ ಅಡಿಕೆ ತೋಟವನ್ನು ಚೇಣಿಗೆ ಕೊಡುವುದು ಹಳೆಯ ರೂಢಿ. ಚೇಣಿ ಹಿಡಿದವನಿಗೆ ಆ ವರ್ಷದ ಕೊನೆಗಳ ಮೇಲೆ ಹಕ್ಕು, ಮರದ ಮೇಲೆ ಇಲ್ಲ. ಅದು ಇಬ್ಬರಿಗೂ ಗೊತ್ತಿರುತ್ತದೆ. ಮ್ಯೂಸಿಕೌದಲ್ಲಿ ಚೂರು ಕೊಂಡವರಲ್ಲಿ ಎಷ್ಟೋ ಜನ ತಾವು ಮರವನ್ನೇ ಕೊಂಡೆವು ಅಂದುಕೊಂಡಿದ್ದರು. ಅವರ ಕೈಯಲ್ಲಿದ್ದದ್ದು ಹಕ್ಕುಸ್ವಾಮ್ಯವಲ್ಲ, ರಾಯಲ್ಟಿಯಲ್ಲಿ ಪಾಲು ಕೇಳುವ ಹಕ್ಕು ಮಾತ್ರ. ಅದನ್ನೂ ಕಂಪನಿಯ ಬಳಿಯೇ ಕೇಳಬೇಕು. ಕಂಪನಿ ಮುಳುಗಿದರೆ ಯಾರ ಬಾಗಿಲು ತಟ್ಟುವುದು? 2022ರ ಏಪ್ರಿಲ್‌ನಲ್ಲಿ ಕೊರಿಯಾದ ಷೇರುಪೇಟೆ ನಿಯಂತ್ರಕರು ಈ ಚೂರುಗಳು ಹೂಡಿಕೆ ಪತ್ರಗಳೇ ಎಂದು ತೀರ್ಮಾನಿಸಿದರು. ಅದಕ್ಕೆ ಆಧಾರವಾದ ಕಾನೂನಿನ ಕಲಮು ಅಲ್ಲಿ ಬಳಕೆಗೆ ಬಂದದ್ದು ಅದೇ ಮೊದಲು. ಹೂಡಿದವರ ಹಣವನ್ನು ಕಂಪನಿಯ ಹಣದಿಂದ ಬೇರೆಯಾಗಿಡಬೇಕಾಯಿತು, ಹಕ್ಕನ್ನು ಟ್ರಸ್ಟಿನ ವಶಕ್ಕೆ ಕೊಡಬೇಕಾಯಿತು. ಸರಿಯಾದ ತೀರ್ಮಾನ ಎಂದೇ ನನ್ನ ಅಭಿಪ್ರಾಯ. ಪ್ರೀತಿಯಿಂದ ಕೊಂಡವರಿಗೇ ಹೆಚ್ಚು ರಕ್ಷಣೆ ಬೇಕು. ಪ್ರೀತಿ ಇದ್ದಲ್ಲಿ ಯಾರೂ ಕರಾರಿನ ಸಣ್ಣಕ್ಷರ ಓದುವುದಿಲ್ಲ.

ಇನ್ನೊಂದು ಬಗೆಯ ಕಂಪನಿಗಳಿವೆ. ಇವು ಚೂರು ಮಾರುವುದಿಲ್ಲ, ಇಡೀ ತೋಟವನ್ನೇ ಕೊಳ್ಳುತ್ತವೆ. 2021ರಲ್ಲಿ ರಾಜಧಾನಿ ಸೋಲ್‌ನಲ್ಲಿ ಆರಂಭವಾದ ಬಿಯಾಂಡ್ ಮ್ಯೂಸಿಕ್ ಅಂಥದ್ದು. ಖಾಸಗಿ ಹೂಡಿಕೆ ನಿಧಿಗಳ ದುಡ್ಡಿನಿಂದ ಕೆಲವೇ ವರ್ಷಗಳಲ್ಲಿ ಇಪ್ಪತ್ತು ಸಾವಿರಕ್ಕೂ ಹೆಚ್ಚು ಹಾಡುಗಳ ಹಕ್ಕನ್ನು ಅದು ಕೂಡಿಹಾಕಿತು. ಇಂಥವರು ಹುಡುಕುವುದು ಈ ವಾರದ ಬಿಸಿಬಿಸಿ ಹಾಡನ್ನಲ್ಲ. ಹೊಸ ಹಾಡಿನ ಗಳಿಕೆ ಮೊದಲ ತಿಂಗಳುಗಳಲ್ಲಿ ಜಿಗಿದು, ಆಮೇಲೆ ಕಡಿದಾಗಿ ಇಳಿಯುತ್ತದೆ. ಕೆಲವು ವರ್ಷ ಕಳೆದ ಮೇಲೆ ಒಂದು ಮಟ್ಟಕ್ಕೆ ಬಂದು ನಿಲ್ಲುತ್ತದೆ. ಹಾಗೆ ನಿಂತ ಹಾಡೇ ಇವರಿಗೆ ಬೇಕು. ತೊಂಬತ್ತರ ದಶಕದ, ಎರಡು ಸಾವಿರದ ಆಚೀಚಿನ ಪ್ರೇಮಗೀತೆಗಳು. ಮದುವೆಯಲ್ಲಿ ಹಾಡುವಂಥವು, ಸೋತ ರಾತ್ರಿ ಒಬ್ಬರೇ ಕೇಳುವಂಥವು.

ಇವರು ಹಾಡಿಗೆ ಏನೂ ಮಾಡುವುದಿಲ್ಲ, ಸುಮ್ಮನೆ ಕೂತು ಬಡ್ಡಿ ತಿನ್ನುತ್ತಾರೆ ಎಂದರೆ ತಪ್ಪಾಗುತ್ತದೆ. ಹಳೆಯ ಹಾಡುಗಳ ದಾಖಲೆ ಬಹಳ ಸಲ ಹದಗೆಟ್ಟಿರುತ್ತದೆ. ಒಂದು ಕಡೆ ರಚನಕಾರನ ಹೆಸರು ತಪ್ಪು, ಇನ್ನೊಂದು ಕಡೆ ಹೆಸರೇ ಇಲ್ಲ. ಹೆಸರು ಸರಿಯಿಲ್ಲದ ಹಾಡಿನ ಹಣ ದಾರಿಯಲ್ಲೇ ನಿಂತುಬಿಡುತ್ತದೆ. ಅದನ್ನು ತಿದ್ದುವುದು, ಹಾಡನ್ನು ಹೊಸಬರ ಕೊರಳಲ್ಲಿ ಮತ್ತೆ ಹಾಡಿಸುವುದು, ಧಾರಾವಾಹಿಗೆ, ಸಿನಿಮಾಕ್ಕೆ ದಾಟಿಸುವುದು, ಇವೆಲ್ಲ ನಿಜವಾದ ಕೆಲಸ. ವಯಸ್ಸಾದ ಸಂಗೀತಗಾರನೊಬ್ಬ ಮೂವತ್ತು ವರ್ಷದ ಗಳಿಕೆಯನ್ನು ಇಂದೇ ಒಟ್ಟಿಗೆ ಪಡೆದು ಮನೆ ಕಟ್ಟಿಕೊಳ್ಳುವೆ, ಕಾಯಿಲೆಗೆ ಔಷಧಿ ಕೊಳ್ಳುವೆ ಎಂದರೆ, ಬೇಡ ಎನ್ನಲು ನಾವು ಯಾರು?

ನನ್ನ ಚಿಂತೆ ಬೇರೆ. ಹಾಡಿನ ಹಕ್ಕು ಬರೆದವರ ಸಾವಿನಾಚೆಗೂ 70 ವರ್ಷ ಬಾಳುತ್ತದೆ. ಅದನ್ನು ಕೊಂಡ ಹೂಡಿಕೆ ನಿಧಿಯ ಆಯಸ್ಸು ಏಳೆಂಟು ವರ್ಷ, ಹೆಚ್ಚೆಂದರೆ ಹತ್ತು. ಅಷ್ಟರೊಳಗೆ ದುಡ್ಡು ಹಾಕಿದವರಿಗೆ ದುಡ್ಡು ಮರಳಿಸಬೇಕು, ಅಂದರೆ ಹಾಡುಗಳನ್ನು ಮತ್ತೊಬ್ಬರಿಗೆ ಮಾರಬೇಕು. ಲಂಡನ್ ಷೇರುಪೇಟೆಯಲ್ಲಿ 2018ರಲ್ಲಿ ಭಾರೀ ಸದ್ದಿನೊಂದಿಗೆ ಬಂದ ಹಿಪ್ನೋಸಿಸ್ ನಿಧಿಯ ಹಾಡುಗಳೆಲ್ಲ 2024ರಲ್ಲಿ ಬ್ಲ್ಯಾಕ್‌ಸ್ಟೋನ್ ಎಂಬ ಹೂಡಿಕೆ ಸಂಸ್ಥೆಯ ಕೈ ಸೇರಿದವು. ಗಾಯಕ ಡೇವಿಡ್ ಬೋವಿ 1997ರಲ್ಲಿ ತನ್ನ ಹಾಡುಗಳ ಗಳಿಕೆಯನ್ನು ಒತ್ತೆಯಿಟ್ಟು 5.5 ಕೋಟಿ ಡಾಲರ್ ಎತ್ತಿದಾಗ ಬೇರೆ ದಾರಿ ಹಿಡಿದಿದ್ದ: ಅದು ಹತ್ತು ವರ್ಷದ ಸಾಲಪತ್ರ; ಸಾಲ ತೀರಿದ ಮೇಲೆ ಗಳಿಕೆ ಮತ್ತೆ ಅವನದೇ. ತೋಟ ಅಡವಿಟ್ಟ, ಮಾರಲಿಲ್ಲ. ಈಗಿನ ಪದ್ಧತಿಯಲ್ಲಿ ತೋಟ ಕೈಯಿಂದ ಕೈಗೆ ಹೋಗುತ್ತಲೇ ಇರುತ್ತದೆ. ಚೇಣಿಯವನಿಗೆ ಮುಂದಿನ ವರ್ಷ ಬುಡಕ್ಕೆ ಗೊಬ್ಬರ ಹಾಕುವ ಆಸಕ್ತಿ ಎಲ್ಲಿಂದ ಬರಬೇಕು?

ಹಕ್ಕು ಕೈತಪ್ಪಿದರೆ ಏನಾಗುತ್ತದೆ ಎಂಬುದು ಕೊರಿಯಾದವರಿಗೆ ಚೆನ್ನಾಗಿ ಗೊತ್ತು. ಚೋ ಯೋಂಗ್-ಪಿಲ್ ಅಲ್ಲಿನ ಜನರಿಗೆ ‘ಹಾಡಿನ ಅರಸ’. 1986ರಲ್ಲಿ ಜಿಗು ರೆಕಾರ್ಡ್ಸ್ ಜೊತೆ ಅವರು ಸಹಿ ಹಾಕಿದ ಕರಾರಿನಲ್ಲಿ ಅವರ 31 ಹಾಡುಗಳನ್ನು ಮುದ್ರಿಸುವ, ಹಂಚುವ ಹಕ್ಕು ಸಂಸ್ಥೆಗೆ ಹೋಯಿತು. ಪ್ರಸಾರದ ಮತ್ತು ವೇದಿಕೆಯ ಹಕ್ಕು ಮಾತ್ರ ಅವರ ಬಳಿ ಉಳಿಯಿತು. ಅಂದರೆ ತನ್ನದೇ ಹಾಡನ್ನು ವೇದಿಕೆಯಲ್ಲಿ ಹಾಡಬಹುದು, ಮತ್ತೆ ಮುದ್ರಿಸಿ ಆಲ್ಬಮ್ ತರಬೇಕಾದರೆ ಬೇರೆಯವರಿಗೆ ಹಣ ಕೊಡಬೇಕು. ಕೋರ್ಟಿಗೆ ಹೋದರು, ಸೋತರು. 2013ರಲ್ಲಿ, ಅರವತ್ತು ದಾಟಿದ ವಯಸ್ಸಿನಲ್ಲಿ, ‘ಬೌನ್ಸ್’ ಹಾಡಿನಿಂದ ಅವರು ಮತ್ತೆ ನಾಡನ್ನೇ ಕುಣಿಸಿದಾಗ, ‘ಸಿನಾವಿ’ ರಾಕ್ ತಂಡದ ಗಿಟಾರ್ ವಾದಕ ಶಿನ್ ದೇ-ಚಲ್ ಈ ಹಳೆಯ ವಿಷಯವನ್ನು ಜನರ ಮುಂದಿಟ್ಟರು. ಜನ ಸಹಿ ಸಂಗ್ರಹಿಸಿದರು. 31 ಹಾಡುಗಳ ಹಕ್ಕು ಅವರಿಗೆ ಮರಳಿದ ಸುದ್ದಿ ಹೊರಬಿದ್ದದ್ದು 2014ರ ಆರಂಭದಲ್ಲಿ. ಒಂದು ಸಹಿಯನ್ನು ಅಳಿಸಲು ಅಷ್ಟು ಕಾಲ ಬೇಕಾಯಿತು.

ಆ 31ರಲ್ಲಿ ‘ದಾನ್‌ಬಲ್ ಮೊರಿ’ಯೂ ಒಂದು. ಗಿಡ್ಡಗೂದಲ ಹುಡುಗಿಯ ಹಾಡು. 2017ರ ‘ಎ ಟ್ಯಾಕ್ಸಿ ಡ್ರೈವರ್’ ಸಿನಿಮಾ ಶುರುವಾಗುವುದೇ ಅದರಿಂದ. 1980ರ ಮೇ ತಿಂಗಳ ಸೋಲ್. ಹಸಿರು ಟ್ಯಾಕ್ಸಿಯೊಳಗೆ ಚಾಲಕನ ಪಾತ್ರದ ನಟ ಸೋಂಗ್ ಕಾಂಗ್-ಹೋ ಸ್ಟಿಯರಿಂಗ್ ಹಿಡಿದು, ರೇಡಿಯೊದ ಜೊತೆ ತಾನೂ ದನಿ ಎತ್ತಿ, ತಲೆಯಾಡಿಸುತ್ತ ಹಾಡುತ್ತಾನೆ. ಇನ್ನು ಸ್ವಲ್ಪ ಹೊತ್ತಿಗೆ ಅವನು ಗ್ವಾಂಗ್‌ಜು ನಗರದ ಕಡೆ ಹೊರಡುತ್ತಾನೆ, ಅಲ್ಲಿ ಸೈನಿಕರು ಜನರ ಮೇಲೆ ಗುಂಡು ಹಾರಿಸುವುದನ್ನು ನೋಡುತ್ತಾನೆ. ಅದು ಗೊತ್ತಿದ್ದವರಿಗೆ ಆ ಮೊದಲ ಎರಡು ನಿಮಿಷದ ಹಗುರ ಹಾಡು ಎದೆ ಹಿಂಡುತ್ತದೆ. ಯಾವ ಹೂಡಿಕೆ ನಿಧಿಯ ಲೆಕ್ಕಪತ್ರದಲ್ಲಿ ಇದನ್ನು ಬರೆಯಲು ಸಾಧ್ಯ? ಅಲ್ಲಿ ಅದು ಸಿನಿಮಾಕ್ಕೆ ಕೊಟ್ಟ ಒಂದು ಪರವಾನಗಿ, ಒಂದು ಮೊತ್ತ. ಸಿನಿಮಾ ಬರುವ ಹೊತ್ತಿಗೆ ಆ ಹಾಡಿಗೆ ನಾಡು ಮೂವತ್ತೇಳು ವರ್ಷ ಕಾಲ ತನ್ನ ನೆನಪನ್ನು ತುಂಬುತ್ತಾ ಬಂದಿತ್ತು. ಹಾಡಿನ ಬೆಲೆ ಏರಿದ್ದು ಆ ನೆನಪಿನಿಂದ. ಅದನ್ನು ಕಂಪನಿ ಬಿತ್ತಲಿಲ್ಲ, ಬೆಳೆಸಲೂ ಇಲ್ಲ.

ಈ ವಿಷಯದಲ್ಲಿ ನಮ್ಮ ದೇಶ ಒಂದು ಒಳ್ಳೆಯ ಕೆಲಸ ಮಾಡಿದೆ, ಅದನ್ನು ನಾವೇ ಸರಿಯಾಗಿ ಗಮನಿಸಿಲ್ಲ. ಒಂದೇ ಸಲ ದುಡ್ಡು ಕೊಟ್ಟು ಗೀತರಚನಕಾರನನ್ನು ಕಳಿಸಿಬಿಡುವ ಪದ್ಧತಿ ಭಾರತೀಯ ಚಿತ್ರರಂಗದಲ್ಲಿ ಬೇರೂರಿತ್ತು. 2012ರ ಹಕ್ಕುಸ್ವಾಮ್ಯ ತಿದ್ದುಪಡಿ ಅದಕ್ಕೊಂದು ಗಡಿ ಹಾಕಿತು. ಸಿನಿಮಾ ಹಾಡು ಚಿತ್ರಮಂದಿರದ ಆಚೆ ಎಲ್ಲೇ ಗಳಿಸಲಿ, ಬರೆದವರಿಗೂ ಸಂಯೋಜಿಸಿದವರಿಗೂ ಹಕ್ಕು ಕೊಂಡವರೊಂದಿಗೆ ಸಮಪಾಲು ಸಿಗಬೇಕು. ಆ ಪಾಲನ್ನು ಅವರು ತಮ್ಮ ವಾರಸುದಾರರಿಗೆ ಅಥವಾ ಹಕ್ಕುಸ್ವಾಮ್ಯ ಸಂಘಕ್ಕೆ ಬಿಟ್ಟು ಬೇರೆ ಯಾರಿಗೂ ಬರೆದುಕೊಡುವಂತಿಲ್ಲ. ಕಷ್ಟಕ್ಕೆ ಸಿಕ್ಕಿ ಬರೆದುಕೊಟ್ಟರೂ ಅದು ನಡೆಯುವುದಿಲ್ಲ. ಇಂಥ ಮಾರಲಾಗದ ಒಂದು ಎಳೆಯನ್ನು ಹಾಡು ಕಟ್ಟಿದವರ ಕೈಯಲ್ಲಿ ಉಳಿಸಿದ ಮೇಲೆ, ಉಳಿದ ಪಾಲನ್ನು ಕೊಳ್ಳುವವರು ಕೊಂಡರೆ ನನಗೆ ಅಂಥ ಭಯವಿಲ್ಲ. ಸೋಲ್‌ನ ಕಂಪನಿಗಳ ಸುತ್ತ ಇರಬೇಕಾದ ಬೇಲಿ ಇದೇ ಎಂದು ಅನಿಸುತ್ತದೆ. ಕೊಂಡವರು ಯಾರಾದರೂ ಇರಲಿ, ಎಷ್ಟು ಕೈ ಬದಲಾಗಲಿ, ಬರೆದವರ ಮನೆಗೆ ಒಂದು ಪಾಲು ಹೋಗುತ್ತಿರಬೇಕು.

ಕೊರಿಯಾದ ಊರೂರಲ್ಲೂ ನೋರೆಬಾಂಗ್ ಇವೆ. ‘ನೋರೆ’ ಅಂದರೆ ಹಾಡು, ‘ಬಾಂಗ್’ ಅಂದರೆ ಕೋಣೆ. ಕಚೇರಿ ಮುಗಿಸಿ ಬಂದ ನಾಲ್ಕು ಜನ ಗಂಟೆಯ ಲೆಕ್ಕದಲ್ಲಿ ಬಾಡಿಗೆ ಕೊಟ್ಟು ಆ ಪುಟ್ಟ ಕೋಣೆಯಲ್ಲಿ ಕೂರುತ್ತಾರೆ, ರಿಮೋಟಿನಲ್ಲಿ ಹಾಡಿನ ನಂಬರು ಒತ್ತುತ್ತಾರೆ. ಅಲ್ಲಿ ಹಾಡುವ ಹಾಡಿನಿಂದಲೂ ರಾಯಲ್ಟಿ ಹೋಗುತ್ತದೆ. ಪರದೆಯ ಮೇಲೆ ಮೊದಲು ಹಾಡಿನ ಹೆಸರು ಬರುತ್ತದೆ, ಅದರ ಕೆಳಗೆ ಸಾಹಿತ್ಯ ಇಂಥವರದು, ಸಂಯೋಜನೆ ಇಂಥವರದು ಎಂದು ಎರಡು ಹೆಸರು. ಹಿನ್ನೆಲೆಯಲ್ಲಿ ಪಿಯಾನೊ ಶುರುವಾಗಿರುತ್ತದೆ. ಹಾಡುವವಳು ಮೈಕು ಹಿಡಿದು ನಿಲ್ಲುತ್ತಾಳೆ, ಪಕ್ಕದವನು ತಾಳದ ಗಿಲಕಿ ಎತ್ತಿಕೊಳ್ಳುತ್ತಾನೆ. ಮೊದಲ ಸಾಲು ಪರದೆಗೆ ಬರುವವರೆಗೆ ಆ ಹೆಸರುಗಳು ಅಲ್ಲೇ ಇರುತ್ತವೆ.