ಗುಡ್ಡದ ಬುಡದಲ್ಲಿಯೇ ಬೈಕು ನಿಲ್ಲಲಿ

ಮುಂಗಾರು ಒಂದೆರಡು ಹದವಾದ ಮಳೆ ಸುರಿಸಿತೆಂದರೆ ಕುಷ್ಟಗಿ ತಾಲ್ಲೂಕಿನ ಹನುಮಸಾಗರದ ಸುತ್ತಲಿನ ಗುಡ್ಡಗಳತ್ತ ಬೈಕುಗಳು ಮುಖ ಮಾಡುತ್ತವೆ. ಕಬ್ಬರಗಿಯ ಕಪಿಲತೀರ್ಥ ವರ್ಷವಿಡೀ ಧುಮುಕುವ ಜಲಪಾತವಲ್ಲ. ಮಳೆ ಕೊಟ್ಟಷ್ಟು ದಿನ ಮಾತ್ರ ಅದರ ವೈಭವ. ಬರದ ಸೀಮೆಯೆಂದೇ ಹೆಸರಾದ ಕೊಪ್ಪಳ ಜಿಲ್ಲೆಯಲ್ಲಿ ಬಂಡೆಯ ಮೇಲಿಂದ ನೀರು ಬೀಳುವುದನ್ನು ಕಾಣುವುದೇ ಒಂದು ಹಬ್ಬ. ಸುತ್ತಣ ಪಟ್ಟಣಗಳ ತರುಣರು ಭಾನುವಾರ ಬಂದಿತೆಂದರೆ ಅಲ್ಲಿಗೆ ಧಾವಿಸುವುದರಲ್ಲಿ ಅಚ್ಚರಿಯೇನೂ ಇಲ್ಲ, ಅದನ್ನು ಆಕ್ಷೇಪಿಸುವುದೂ ಸಲ್ಲ.

ಆದರೆ ಬೈಕ್ ಯಾನವೆಂಬುದು ಈಗ ಬಿಡಿ ತರುಣರ ಹವ್ಯಾಸವಾಗಿ ಉಳಿದಿಲ್ಲ. ಲಡಾಖ್, ಸ್ಪಿತಿಗಳಂತಹ ದೂರದ ಬೆಟ್ಟಸೀಮೆಗಳಲ್ಲಿ ಅದೊಂದು ವ್ಯವಸ್ಥಿತ ಉದ್ಯಮ. ಮುಂದೊಬ್ಬ ಮಾರ್ಗದರ್ಶಕ, ಹಿಂದೊಬ್ಬ ಮೆಕ್ಯಾನಿಕ್, ನಡುವೆ ಹತ್ತಿಪ್ಪತ್ತು ಮಂದಿ ಸವಾರರು, ಸಾಮಾನು ಹೊರಲು ಒಂದು ವಾಹನ. ಮುಂಗಡ ಹಣ ಕಟ್ಟಿದರೆ ಯಾರೂ ಕಾಣದ ಹಳ್ಳಿಗಳನ್ನು ತೋರಿಸುವ ಭರವಸೆ. ಹಂಪಿ ಮತ್ತು ಬಾದಾಮಿಗಳ ನಡುವೆ ಹರಡಿಕೊಂಡ, ರಾಷ್ಟ್ರೀಯ ಹೆದ್ದಾರಿ 50ಕ್ಕೆ ಹೊಂದಿಕೊಂಡ ಕುಷ್ಟಗಿ, ಯಲಬುರ್ಗಾ ತಾಲ್ಲೂಕುಗಳ ಗುಡ್ಡಗಳು ಇಂತಹ ಯಾನಗಳ ನಕಾಶೆಯಿಂದ ಬಹುಕಾಲ ಹೊರಗುಳಿಯಲಾರವು. ಹಾಗೆ ಬಂದಾಗ ಅದನ್ನು ಹೇಗೆ ಎದುರುಗೊಳ್ಳಬೇಕು? ಬೈಕು ಊರಿನವರೆಗೆ ಬರಲಿ, ಗುಡ್ಡವನ್ನು ಹತ್ತುವುದು ಬೇಡ. ಗುಡ್ಡಕ್ಕೆ ಕರೆದೊಯ್ಯುವ ಮಾರ್ಗದರ್ಶಕ ಆ ಊರಿನವನೇ ಆಗಿರಲಿ. ಈ ಎರಡು ನಿಯಮಗಳನ್ನು ಮೊದಲ ತಂಡ ಬರುವ ಮುನ್ನವೇ ಊರು ಹಾಕಿಕೊಳ್ಳುವುದು ವಿವೇಕ.

ಇದು ಬೈಕಿನ ಮೇಲಿನ ಸಿಟ್ಟಲ್ಲ. ಚಕ್ಕಡಿ ಹೋಗುತ್ತಿದ್ದ ಹೊಲದ ದಾರಿಗಳಲ್ಲಿ ಇಂದು ಮೇವಿನ ಹೊರೆ, ಹಾಲಿನ ಕ್ಯಾನು, ಗೊಬ್ಬರದ ಚೀಲ, ಶಾಲೆಯ ಮಗು ಎಲ್ಲವೂ ಸಾಗುವುದು ದ್ವಿಚಕ್ರ ವಾಹನಗಳ ಮೇಲೆಯೇ. ಹೆರಿಗೆ ನೋವು ಬಂದವಳನ್ನು ಡಾಂಬರು ರಸ್ತೆಗೆ ತಲುಪಿಸಿದ ಬೈಕುಗಳೂ ಉಂಟು. ರೈತನ ಬೈಕು ಒಂದೇ ಜಾಡಿನಲ್ಲಿ, ಕೆಲಸವಿದ್ದಾಗ, ಹೊಲದ ಅಂಚಿನವರೆಗೆ ಹೋಗುತ್ತದೆ. ಪ್ರವಾಸಿಯ ಬೈಕಿಗೆ ದಾರಿ ಎಷ್ಟು ಕೆಟ್ಟದಾಗಿದ್ದರೆ ಅಷ್ಟು ಸೊಗಸು. ದಾರಿಯೇ ಇಲ್ಲದಿದ್ದರೆ ಇನ್ನೂ ಸೊಗಸು.

ಈ ವ್ಯತ್ಯಾಸದ ಪರಿಣಾಮ ಮೊದಲು ಕಾಣಿಸಿಕೊಳ್ಳುವುದು ಮಣ್ಣಿನಲ್ಲಿ. ಗಜೇಂದ್ರಗಡ, ಬಾದಾಮಿಗಳ ಕಡೆಯಿಂದ ಚಾಚಿ ಬಂದ ಮರಳುಗಲ್ಲಿನ ಗುಡ್ಡಗಳ ಮೇಲೆ ಮಣ್ಣಿನ ಪದರ ಬಹಳ ತೆಳುವಾದುದು. ಅನೇಕ ಕಡೆ ಗೇಣುದ್ದವೂ ಇರದು. ಆ ಮಣ್ಣನ್ನು ಹಿಡಿದಿಟ್ಟಿರುವುದು ಕರಡ ಹುಲ್ಲಿನ ಬೇರು, ಬಂದರಿಕೆ, ಕವಳಿಯಂತಹ ಪೊದೆಗಳು ಮತ್ತು ಸಾಮಾನ್ಯವಾಗಿ ಯಾರ ಗಮನಕ್ಕೂ ಬಾರದ ಇನ್ನೊಂದು ವಸ್ತು: ನೆಲದ ಮೇಲ್ಮೈಯಲ್ಲಿ ಕಪ್ಪಗೆ ಅಂಟಿಕೊಂಡಿರುವ ಪಾಚಿಯ ಹೊದಿಕೆ. ಬೇಸಿಗೆಯಲ್ಲಿ ಒಣಗಿದ ತೊಗಟೆಯಂತೆ ತೋರುವ ಈ ಹೊದಿಕೆಗೆ ಮಳೆಯ ಹನಿ ತಾಗಿದೊಡನೆ ಜೀವ ಬರುತ್ತದೆ. ಇದರಲ್ಲಿರುವ ನೀಲಿ-ಹಸಿರು ಪಾಚಿ ಗಾಳಿಯ ಸಾರಜನಕವನ್ನು ಹೀರಿ ಮಣ್ಣಿಗೆ ಕೊಡುತ್ತದೆ. ಮರಳಿನ ಕಣಗಳನ್ನು ಒಂದಕ್ಕೊಂದು ಅಂಟಿಸುತ್ತದೆ. ಒಮ್ಮೆ ಹರಿದರೆ ಅದು ಮತ್ತೆ ಕೂಡಿಕೊಳ್ಳಲು ವರ್ಷಗಳು ಬೇಕು.

ಈಗ ಅದರ ಮೇಲೆ ಬೈಕು ಹೋಗುವುದನ್ನು ಊಹಿಸಿಕೊಳ್ಳಬೇಕು. ದೂರಪ್ರವಾಸಕ್ಕೆ ಬಳಸುವ ಬೈಕುಗಳ ತೂಕವೇ ಸುಮಾರು 200 ಕಿ.ಗ್ರಾಂ, ಸವಾರ, ಸಾಮಾನು ಬೇರೆ. ಟಯರು ನೆಲಕ್ಕೆ ತಾಗುವ ಜಾಗದಲ್ಲಿ ಪ್ರತಿ ಚದರ ಸೆಂಟಿಮೀಟರಿಗೆ ಹೆಚ್ಚುಕಡಿಮೆ 2 ಕಿ.ಗ್ರಾಂ ಒತ್ತಡ ಬೀಳುತ್ತದೆ. ನಡೆಯುವ ಮನುಷ್ಯನ ಪಾದದ ಒತ್ತಡ ಅದರ ನಾಲ್ಕನೆಯ ಒಂದು ಭಾಗದ ಆಸುಪಾಸಿನಲ್ಲಿರುತ್ತದೆ. ಆಡು, ಕುರಿಗಳ ಗೊರಸು ಚಿಕ್ಕದಾದುದರಿಂದ ಅದರ ಒತ್ತಡವೂ ಕಡಿಮೆಯೇನಲ್ಲ. ಅತಿಯಾಗಿ ಮೇಯಿಸಿದ ಗುಡ್ಡಗಳು ಬೋಳಾಗಿರುವುದನ್ನು ಮರೆಮಾಚಬೇಕಾಗಿಯೂ ಇಲ್ಲ. ಆದರೆ ಗೊರಸು ಅಲ್ಲಲ್ಲಿ ಚುಕ್ಕಿಯಿಡುತ್ತದೆ, ಟಯರು ಗೆರೆ ಎಳೆಯುತ್ತದೆ. ಏರು ಹತ್ತುವಾಗ ಹಿಂಬದಿಯ ಚಕ್ರ ಜಾರಿ ತಿರುಗಿ ಮಣ್ಣನ್ನು ಕೆದರುತ್ತದೆ, ಕೆಳಗಿನ ಮಣ್ಣನ್ನು ಅದುಮುತ್ತದೆ. ಅದುಮಿದ ಮಣ್ಣಿನಲ್ಲಿ ನೀರು ಇಂಗದು; ಇಂಗದ ನೀರು ಆ ಗೆರೆಯನ್ನೇ ಕಾಲುವೆ ಮಾಡಿಕೊಳ್ಳುತ್ತದೆ. ಹಿರಿಯರ ಕಾಲುದಾರಿಗಳು ಇಳಿಜಾರಿಗೆ ಅಡ್ಡಡ್ಡಲಾಗಿ ಬಳಸಿ ಬಳಸಿ ಹತ್ತುತ್ತಿದ್ದವು. ಬೈಕಿನ ಜಾಡು ನೆಟ್ಟಗೆ ಹತ್ತುತ್ತದೆ. ನೀರು ಇಳಿಯುವುದೂ ನೆಟ್ಟಗೆಯೇ.

ಸರಳವಾದ ಒಂದು ಲೆಕ್ಕವನ್ನು ನೋಡಬಹುದು. 20 ಸೆಂ.ಮೀ. ಅಗಲ, 10 ಸೆಂ.ಮೀ. ಆಳ, 100 ಮೀಟರ್ ಉದ್ದದ ಒಂದೇ ಒಂದು ಜಾಡಿನಿಂದ ಹೊರಹೋಗುವ ಮಣ್ಣು 2 ಘನ ಮೀಟರ್, ಅಂದರೆ ಎರಡೂವರೆ ಟನ್ನಿಗೂ ಹೆಚ್ಚು. ಮೂರು-ನಾಲ್ಕು ಚಕ್ಕಡಿ ತುಂಬುವ ಈ ಮಣ್ಣು ಗುಡ್ಡದ ಬುಡದ ಮಸಾರಿ ಹೊಲಗಳಿಗೆ ಬಂದರೆ ಸಜ್ಜೆ, ಹೆಸರಿನ ಎಳೆಯ ಸಸಿಗಳ ಮೇಲೆ ಮರಳಾಗಿ ಕೂರುತ್ತದೆ. ಹಳ್ಳಕ್ಕೆ ಬಿದ್ದರೆ ಕೆರೆಯ ಹೂಳಾಗುತ್ತದೆ. ವರ್ಷಕ್ಕೆ ಸುಮಾರು 600 ಮಿ.ಮೀ. ಮಳೆ ಕಾಣುವ ಸೀಮೆಯಲ್ಲಿ ಕೆರೆಯ ಹೊಟ್ಟೆ ಕಿರಿದಾಗುವುದೆಂದರೇನೆಂದು ರೈತರಿಗೆ ವಿವರಿಸಬೇಕಾಗಿಲ್ಲ. ಇನ್ನೂ ಕಷ್ಟದ ಸಂಗತಿಯೆಂದರೆ, ಜಲಪಾತ ತುಂಬಿ ಪ್ರವಾಸಿಗರು ಬರುವ ತಿಂಗಳುಗಳೂ ಗುಡ್ಡದ ಮಣ್ಣು ನೆನೆದು ಅತ್ಯಂತ ಮೆದುವಾಗಿರುವ ತಿಂಗಳುಗಳೂ ಒಂದೇ.

ಗುಡ್ಡ ಹತ್ತಲು ಬೈಕಿಗೆ ದಾರಿಯೆಲ್ಲಿದೆ ಎಂದು ಕೇಳುವವರಿದ್ದಾರೆ. ದಾರಿ ಆಗಲೇ ಆಗಿದೆ. ಕುಷ್ಟಗಿ, ಯಲಬುರ್ಗಾ, ಗಜೇಂದ್ರಗಡ ಭಾಗಗಳಲ್ಲಿ ಪವನ ವಿದ್ಯುತ್ತಿನ ಗೋಪುರಗಳನ್ನು ನಿಲ್ಲಿಸಲು ಗುಡ್ಡ ಕಡಿದು ದಾರಿಗಳನ್ನು ಮಾಡಲಾಗಿದೆ. ಜನರ ಬಾಯಲ್ಲಿ ‘ಫ್ಯಾನು’ ಎಂದೇ ಕರೆಸಿಕೊಳ್ಳುವ ಆ ಯಂತ್ರಗಳ ರೆಕ್ಕೆ ಸಾಗಿಸಲು ಮಾಡಿದ ಅಗಲವಾದ ಜಲ್ಲಿ ರಸ್ತೆಗಳೇ ನಾಳೆ ಬೈಕ್ ತಂಡಗಳಿಗೆ ಹೆಬ್ಬಾಗಿಲು. ರಸ್ತೆ ಮುಗಿದ ಕಡೆ ಹುಲ್ಲುಗಾವಲು ಆರಂಭವಾಗುತ್ತದೆ, ಅಲ್ಲಿಂದಾಚೆ ಕಡಿವಾಣ ಹಾಕುವವರಿಲ್ಲ. ನೆರೆಯ ಗದಗ ಜಿಲ್ಲೆಯ ಕಪ್ಪತಗುಡ್ಡವನ್ನು ಗಣಿಗಾರಿಕೆಯಿಂದ ಉಳಿಸಲು ತೋಂಟದಾರ್ಯ ಮಠದ ಸಿದ್ಧಲಿಂಗ ಸ್ವಾಮೀಜಿಯವರ ಮುಂದಾಳುತನದಲ್ಲಿ ಜನ ಬೀದಿಗಿಳಿದರು. 2019ರಲ್ಲಿ ಅದು ವನ್ಯಜೀವಿಧಾಮವೂ ಆಯಿತು. ಅಲ್ಲಿ ಎದುರಾಳಿ ಯಾರೆಂಬುದು ಎಲ್ಲರಿಗೂ ತಿಳಿದಿತ್ತು. ನಗುತ್ತ ಬಂದು, ನೀರು ಕೇಳಿ ಕುಡಿದು, ಫೋಟೋ ತೆಗೆದುಕೊಂಡು ಹೋಗುವ ಸವಾರನ ವಿರುದ್ಧ ಯಾರು ತಾನೆ ಘೋಷಣೆ ಕೂಗಿಯಾರು? ಹಾನಿ ಚಿಕ್ಕದಾಗಿ, ಅತಿಥಿಯ ವೇಷದಲ್ಲಿ ಬಂದಾಗ ಅದನ್ನು ತಡೆಯುವುದು ಹೆಚ್ಚು ಕಠಿಣ.

ಕರ್ನಾಟಕದ ಇತರ ಬೆಟ್ಟಗಳಲ್ಲಿ ನಿಯಮಗಳು ಬಂದದ್ದು ಜನಜಂಗುಳಿಯ ನಂತರ. 2024ರ ಜನವರಿ ಕೊನೆಯ ರಜಾದಿನಗಳಲ್ಲಿ ಕುಮಾರಪರ್ವತದ ಕಾಲುದಾರಿಯಲ್ಲಿ ಸಾವಿರಾರು ಮಂದಿ ಮುಗಿಬಿದ್ದ ಮೇಲೆಯೇ ಸರ್ಕಾರ ಚಾರಣಗಳಿಗೆ ತಡೆಯೊಡ್ಡಿ, ಆನ್‌ಲೈನ್ ಮುಂಗಡ ನೋಂದಣಿ ಮತ್ತು ಸಂಖ್ಯಾಮಿತಿಯತ್ತ ಹೊರಳಿತು. ಮುಳ್ಳಯ್ಯನಗಿರಿಯ ಕಿರಿದಾದ ದಾರಿಯಲ್ಲಿ ವಾಹನಗಳ ಸಾಲು ನಿಂತು ನಿಂತು ಜನ ಬೇಸತ್ತ ಬಳಿಕ, 2025ರಲ್ಲಿ ಅಲ್ಲಿಗೂ ವಾಹನಗಳ ಮುಂಗಡ ನೋಂದಣಿ ಬಂತು. ಕೊಪ್ಪಳ ಜಿಲ್ಲೆಯೊಳಗೇ ಇದಕ್ಕಿಂತ ಕಹಿಯಾದ ಪಾಠವಿದೆ. ಹಂಪಿಯ ಎದುರು ದಡದ, ಗಂಗಾವತಿ ತಾಲ್ಲೂಕಿನ ವಿರೂಪಾಪುರಗಡ್ಡೆ ಭತ್ತದ ಗದ್ದೆಗಳ ನಡುವಿನ ರೆಸಾರ್ಟುಗಳಿಗೂ, ಅಲ್ಲಿಂದ ಸಣಾಪುರ, ಆನೆಗೊಂದಿ, ಅಂಜನಾದ್ರಿಗಳ ಕಡೆಗೆ ಹೊರಡುತ್ತಿದ್ದ ಬಾಡಿಗೆ ಮೊಪೆಡ್ಡುಗಳಿಗೂ ಹೆಸರಾಗಿತ್ತು. ಅನುಮತಿಯಿಲ್ಲದ ಆ ಕಟ್ಟಡಗಳ ತೆರವನ್ನು 2020ರ ಫೆಬ್ರವರಿಯಲ್ಲಿ ಸರ್ವೋಚ್ಚ ನ್ಯಾಯಾಲಯ ಎತ್ತಿಹಿಡಿಯಿತು; ಮಾರ್ಚ್ ಮೊದಲ ವಾರದಲ್ಲಿ ಜೆಸಿಬಿಗಳು ಬಂದವು. ಕಾನೂನಿನ ದೃಷ್ಟಿಯಿಂದ ಅದು ಸರಿಯಾದ ತೀರ್ಪೇ. ಆದರೆ ಅಡುಗೆ ಮಾಡುತ್ತಿದ್ದವರು, ಕೋಣೆ ಗುಡಿಸುತ್ತಿದ್ದವರು, ಮೊಪೆಡ್ ಬಾಡಿಗೆಗೆ ಕೊಡುತ್ತಿದ್ದವರು ಒಂದೇ ವಾರದಲ್ಲಿ ಕೆಲಸ ಕಳೆದುಕೊಂಡರು. ಪ್ರವಾಸಿಗರು ಸಣಾಪುರದ ಕಡೆಗೆ ಸರಿದರು.

ಪ್ರವಾಸವೇ ಬೇಡವೆಂದರೆ ತರುಣರ ಗತಿಯೇನು ಎಂಬ ಪ್ರಶ್ನೆ ನ್ಯಾಯವಾದುದು. ಕುಷ್ಟಗಿ, ಯಲಬುರ್ಗಾಗಳ ಹಳ್ಳಿಗಳಿಂದ ಸುಗ್ಗಿ ಮುಗಿದೊಡನೆ ಬೆಂಗಳೂರು, ಮಂಗಳೂರು, ಗೋವಾಗಳಿಗೆ ದುಡಿಯಲು ಹೋಗುವ ಕುಟುಂಬಗಳಿವೆ. ಅಂತಹ ಮನೆಯ ಮಗನೊಬ್ಬನಿಗೆ ಊರಿನಲ್ಲಿಯೇ ದಿನಗೂಲಿ ಸಿಗುವುದಾದರೆ ಅದನ್ನು ಬೇಡವೆನ್ನುವ ಅಧಿಕಾರ ಯಾರಿಗೂ ಇಲ್ಲ, ಪರಿಸರವಾದಿಗಳಿಗಂತೂ ಇಲ್ಲವೇ ಇಲ್ಲ. ಪ್ರಶ್ನೆಯಿರುವುದು ಮಾರ್ಗದರ್ಶಕನೆಂದರೆ ಯಾರು ಎಂಬಲ್ಲಿ.

ದೊಡ್ಡ ಪಟ್ಟಣದಿಂದ ಬರುವ ತಂಡದ ಮಾರ್ಗದರ್ಶಕನಿಗೆ ಬೈಕು ಗೊತ್ತು, ನಕಾಶೆ ಗೊತ್ತು. ಯಾವ ಬಂಡೆಯಲ್ಲಿ ಹೆಜ್ಜೇನು ಕಟ್ಟಿದೆ, ಯಾವ ಹೊಂಡದ ನೀರನ್ನು ಕುರಿಗಾಹಿಗಳು ಬೇಸಿಗೆಗೆಂದು ಕಾಯ್ದುಕೊಂಡಿದ್ದಾರೆ, ಯಾವ ಕೊಳ್ಳಕ್ಕೆ ಮಧ್ಯಾಹ್ನದ ಮಳೆಯಲ್ಲಿ ಇಳಿಯಬಾರದು ಎಂಬುದು ಗೊತ್ತಿರುವುದಿಲ್ಲ. ದಾರಿಯ ಮೇಲೆ ಹರಡಿದ ಸಜ್ಜೆ, ಹೆಸರಿನ ರಾಶಿ ಅವನಿಗೆ ಅಡಚಣೆಯಾಗಿ ಕಾಣುತ್ತದೆ. ಅದು ಒಂದು ಮನೆಯ ವರ್ಷದ ಗಳಿಕೆ. ಹೆಂಗಸರು ಬಟ್ಟೆ ಒಗೆಯುವ ಹಳ್ಳ ಅವನ ಪಾಲಿಗೆ ಒಳ್ಳೆಯ ಫೋಟೋ.

ವಿಯೆಟ್ನಾಮಿನ ಉತ್ತರ ತುದಿಯ ಹಾ ಜಿಯಾಂಗ್ ಬೆಟ್ಟಸೀಮೆಯಲ್ಲಿ ಬೈಕ್ ಯಾನ ಜಗತ್ಪ್ರಸಿದ್ಧ. ಅಲ್ಲಿ ತಾವೇ ಬೈಕು ಓಡಿಸುವವರಿರುವಂತೆ, ಅಲ್ಲಿನ ಸವಾರನೊಬ್ಬನ ಹಿಂದೆ ಕುಳಿತು ಕಣಿವೆ, ಕಣಿವೆಯ ಹಳ್ಳಿಗಳನ್ನು ಸುತ್ತುವವರೂ ಬಹಳ. ಈ ಕ್ರಮದಲ್ಲಿ ಕೂಲಿ ಊರಿನಲ್ಲಿ ಉಳಿಯುತ್ತದೆ, ವೇಗವೂ ಊರಿನವನ ಕೈಯಲ್ಲಿರುತ್ತದೆ. ಲಡಾಖಿನ ಬೈಕ್ ಬಾಡಿಗೆದಾರರು ಹೊರಗಿನಿಂದ ಬಾಡಿಗೆಗೆ ತಂದ ಬೈಕುಗಳು ನುಬ್ರಾ, ಪಾಂಗಾಂಗ್‌ಗಳಿಗೆ ಹೋಗಬಾರದೆಂದು ಹಟ ಹಿಡಿದದ್ದೂ ಇದೇ ತರ್ಕದಿಂದ. ಅದರಲ್ಲಿ ವ್ಯಾಪಾರದ ಸ್ವಾರ್ಥ ಬೆರೆತಿರಬಹುದು, ಆದರೂ ಇದು ಯಾರ ನೆಲ ಎಂಬ ಪ್ರಶ್ನೆಯನ್ನಾದರೂ ಅವರು ಎತ್ತಿದರು. ಹನುಮಸಾಗರದ ಸುತ್ತಲ ಹಳ್ಳಿಗಳಲ್ಲಿ ಬೈಕು ಓಡಿಸಬಲ್ಲ, ಗುಡ್ಡದ ಇಂಚಿಂಚನ್ನೂ ಬಲ್ಲ ತರುಣರಿಗೆ ಬರಗಾಲವಿಲ್ಲ. ಕುರಿ ಕಾಯ್ದು ಬೆಳೆದ ಹುಡುಗನಿಗೆ ಗುಡ್ಡದ ವಿಷಯದಲ್ಲಿ ತರಬೇತಿ ಕೊಡುವಷ್ಟು ಜ್ಞಾನ ಯಾವ ಪ್ರವಾಸಿ ಸಂಸ್ಥೆಯಲ್ಲಿಯೂ ಇರಲಾರದು.

ಬೈಕು ಬುಡದಲ್ಲಿ ನಿಂತರೆ ಗಳಿಕೆಯೂ ಹೆಚ್ಚು. ಬೈಕಿನಲ್ಲಿ ನೆತ್ತಿಗೆ ಹೋದವನು ಅರ್ಧ ಗಂಟೆಯಲ್ಲಿ ಮರಳಿ ಮುಂದಿನ ಊರು ಸೇರುತ್ತಾನೆ. ನಡೆದು ಹತ್ತಿದವನಿಗೆ ಅರ್ಧ ದಿನ ಬೇಕು, ಹಸಿವೆಯಾಗುತ್ತದೆ, ರೊಟ್ಟಿ ಬೇಕಾಗುತ್ತದೆ. ಈ ಗುಡ್ಡಗಳ ಸೀತಾಫಲದ ಉದಾಹರಣೆಯನ್ನೇ ತೆಗೆದುಕೊಳ್ಳಬಹುದು. ಯಾರೂ ನೀರುಣಿಸದೆ, ಗೊಬ್ಬರ ಹಾಕದೆ ಕಲ್ಲಿನ ಸಂದಿಯಲ್ಲಿ ಬೆಳೆಯುವ ಈ ಹಣ್ಣು ಮಳೆಗಾಲದ ಕೊನೆಗೆ ಬರುತ್ತದೆ. ಕಿತ್ತ ಎರಡು-ಮೂರು ದಿನಗಳಲ್ಲಿ ಮೆತ್ತಗಾಗಿ ಒಡೆಯುವುದರಿಂದ ಬುಟ್ಟಿ ಹೊತ್ತು ತಂದ ಹೆಂಗಸರು ಸಗಟು ವ್ಯಾಪಾರಿ ಹೇಳಿದ ಬೆಲೆಗೆ ಕೊಟ್ಟು ಹೋಗುವುದು ಅನಿವಾರ್ಯ. ಗುಡ್ಡದ ಬುಡದಲ್ಲಿಯೇ ತಿನ್ನುವವರಿದ್ದರೆ ಆ ಬೆಲೆ ಅವರ ಕೈಗೇ ಬರುತ್ತದೆ. ಕುಷ್ಟಗಿ ತಾಲ್ಲೂಕಿನ ಇಳಕಲ್ ಸೀರೆಯ ಮಗ್ಗಗಳಿಗೂ ಈ ಮಾತು ಸಲ್ಲುತ್ತದೆ. ನೇಯುವುದನ್ನು ನಿಂತು ನೋಡಲು ಹೆಲ್ಮೆಟ್ ಕೆಳಗಿಡಬೇಕು.

ಇದನ್ನೆಲ್ಲ ಜಾರಿಗೆ ತರಲು ಹೊಸ ಕಾನೂನು ಬೇಕಿಲ್ಲ. ಕಾಯ್ದಿಟ್ಟ ಅರಣ್ಯದೊಳಗೆ ಅನುಮತಿಯಿಲ್ಲದ ಪ್ರವೇಶವನ್ನು 1963ರ ಕರ್ನಾಟಕ ಅರಣ್ಯ ಕಾಯ್ದೆಯೇ ತಡೆಯುತ್ತದೆ. 2002ರ ಜೀವವೈವಿಧ್ಯ ಕಾಯ್ದೆಯಂತೆ ಪ್ರತಿ ಗ್ರಾಮ ಪಂಚಾಯಿತಿಯಲ್ಲಿ ಜೀವವೈವಿಧ್ಯ ನಿರ್ವಹಣಾ ಸಮಿತಿ ಇರಬೇಕು, ಊರಿನ ಗಿಡ, ಪ್ರಾಣಿ, ನೆಲೆಗಳ ದಾಖಲೆಯನ್ನು ಅದು ಇಡಬೇಕು. ಕಾಗದದಲ್ಲಷ್ಟೇ ಇರುವ ಸಮಿತಿಗಳನ್ನು ಎಬ್ಬಿಸಲು ಇದಕ್ಕಿಂತ ಒಳ್ಳೆಯ ನೆಪ ಸಿಗದು. ವಾಹನ ನಿಲ್ಲಿಸುವ ಜಾಗ ಯಾವುದು, ನಡೆಯುವ ದಾರಿ ಯಾವುದು, ಒಂದು ದಿನಕ್ಕೆ ಎಷ್ಟು ಮಂದಿ, ಮಾರ್ಗದರ್ಶಕರ ಸರದಿ ಹೇಗೆ, ಕೂಲಿ ಎಷ್ಟು ಎಂಬುದನ್ನು ಗ್ರಾಮಸಭೆಯಲ್ಲಿ ಬರೆದು ಠರಾವು ಮಾಡಬಹುದು. ಸರದಿಯ ವಿಷಯದಲ್ಲಿ ಎಚ್ಚರ ಬೇಕು. ಅದು ಒಂದೇ ಓಣಿಯ, ಒಂದೇ ಮನೆತನದ ಹುಡುಗರ ಪಾಲಾದರೆ ಜಗಳ ಗುಡ್ಡದಿಂದ ಊರೊಳಗೆ ಇಳಿಯುತ್ತದೆ.

ಪ್ರೌಢಶಾಲೆ, ಕಾಲೇಜುಗಳ ವಿದ್ಯಾರ್ಥಿಗಳಿಗೆ ಇಲ್ಲಿ ಮಾಡಬಹುದಾದ ಕೆಲಸವೊಂದಿದೆ. ಗುಡ್ಡದ ಇಳಿಜಾರಿನಲ್ಲಿ ಈಗಾಗಲೇ ಬಿದ್ದಿರುವ ಚಕ್ರದ ಜಾಡೊಂದನ್ನು ಆರಿಸಿಕೊಂಡು, ಅದರ ಎರಡೂ ಬದಿಗೆ ಗೂಟ ಹೊಡೆದು, ದಾರ ಬಿಗಿದು, ದಾರದಿಂದ ನೆಲದವರೆಗಿನ ಆಳವನ್ನು ಹತ್ತು ಹತ್ತು ಹೆಜ್ಜೆಗೊಮ್ಮೆ ಅಳೆದು ಬರೆದಿಡಬೇಕು. ಪಕ್ಕದ ಕಾಲುದಾರಿಯನ್ನೂ ಹಾಗೆಯೇ ಅಳೆಯಬೇಕು. ಗೂಟಗಳನ್ನು ಕೀಳದೆ ಮಳೆಗಾಲ ಮುಗಿದ ಮೇಲೆ ಮತ್ತೊಮ್ಮೆ ಅಳೆದರೆ ಯಾವುದು ಎಷ್ಟು ಕೊರೆದಿದೆ ಎಂಬ ಅಂಕಿಗಳು ಗ್ರಾಮಸಭೆಯ ಮುಂದಿಡಲು ಸಿದ್ಧವಾಗುತ್ತವೆ. ಆಗ ಜಾಡಿಗೆ ಅಡ್ಡಲಾಗಿ ಕಲ್ಲು ಜೋಡಿಸಿ, ಮೇಲ್ಬದಿಯಲ್ಲಿ ಕರಡದ ಬೀಜ ಚೆಲ್ಲುವ ಕೆಲಸವನ್ನೂ ಮಾಡಬಹುದು. ಮೊದಲ ಅಳತೆ ಮಾತ್ರ ಮಿರಗ ಹುಟ್ಟುವ ಮುಂಚೆ, ಅಂದರೆ ಮೇ ಕೊನೆಯೊಳಗೆ ಮುಗಿದಿರಬೇಕು.