ಹಜ್ ಸಬ್ಸಿಡಿ ನಿಂತಿತು, ಶಾಲೆಯ ಪಾಲು ಎಲ್ಲಿ?

ಅಟ್ಟದ ಮೇಲೆ ವರ್ಷದ ಹತ್ತಿರ ಕುಳಿತ ತೆಂಗಿನಕಾಯಿಯೇ ಉಂಡೆ ಕೊಬ್ಬರಿಯಾಗುತ್ತದೆ. ತಿಪಟೂರು, ತುರುವೇಕೆರೆ, ಚಿಕ್ಕನಾಯಕನಹಳ್ಳಿಯ ಹಿರಿಯರು ಹಜ್ಜಿನ ಹಣವನ್ನೂ ಅಷ್ಟೇ ತಾಳ್ಮೆಯಿಂದ ಕೂಡಿಟ್ಟವರು. ಆದರೂ ಸರಕಾರದ ದುಡ್ಡಿನಲ್ಲಿ ಮಕ್ಕಾಕ್ಕೆ ಹೋದವರೆಂಬ ಚುಚ್ಚುಮಾತು ಅವರಿಗೆ ತಪ್ಪಲಿಲ್ಲ. ಸಬ್ಸಿಡಿ ಸೇರುತ್ತಿದ್ದುದೋ ವಿಮಾನ ಕಂಪೆನಿಯ ಖಾತೆಗೆ!

ಹಜ್ ಸಬ್ಸಿಡಿ ಸಂವಿಧಾನಬಾಹಿರವೆಂಬ ಅರ್ಜಿಯನ್ನು ಸುಪ್ರೀಮ್ ಕೋರ್ಟು 2011ರಲ್ಲಿ ತಳ್ಳಿಹಾಕಿತ್ತು. ಮರುವರ್ಷ ಮೇ ತಿಂಗಳಲ್ಲಿ ಇನ್ನೊಂದು ಪೀಠವು ಆಲಿ ಇಮ್ರಾನ್ ಅಧ್ಯಾಯದ 97ನೇ ಸೂಕ್ತವನ್ನು ಉಲ್ಲೇಖಿಸಿ, 10 ವರ್ಷಗಳೊಳಗೆ ಅದನ್ನು ಹಂತಹಂತವಾಗಿ ನಿಲ್ಲಿಸಲು ಆದೇಶಿಸಿತು. ಸಾಮರ್ಥ್ಯವುಳ್ಳವರಿಗೆ ಮಾತ್ರ ಹಜ್ ಕಡ್ಡಾಯ; ಶರೀಅತ್ತಿನ ದೃಷ್ಟಿಯಲ್ಲಿ ಈ ಆದೇಶದ ಬಗ್ಗೆ ತಕರಾರಿಲ್ಲ.

ಆದರೆ ಆ ಹಣವನ್ನು ಸಮುದಾಯದ ಶಿಕ್ಷಣಕ್ಕೆ ಬಳಸುವುದು ಲೇಸೆಂದೂ ಅದೇ ತೀರ್ಪು ಹೇಳಿತ್ತು. 2018ರಲ್ಲಿ ಸಬ್ಸಿಡಿ ನಿಲ್ಲಿಸಿದ ಕೇಂದ್ರವು ಹೆಣ್ಣುಮಕ್ಕಳ ಶಿಕ್ಷಣದ ಹೆಸರು ಹೇಳಿತು. 2022ರಲ್ಲಿ ಅದೇ ಕೇಂದ್ರ 1ರಿಂದ 8ನೇ ತರಗತಿಯ ಅಲ್ಪಸಂಖ್ಯಾತ ಮಕ್ಕಳ ವಿದ್ಯಾರ್ಥಿವೇತನವನ್ನೇ ಕೈಬಿಟ್ಟಿತು. ಕಡ್ಡಾಯ ಶಿಕ್ಷಣ ಕಾಯ್ದೆಯಡಿ ಓದು ಉಚಿತವೆಂಬುದು ಸಬೂಬು. ಮೌಲಾನಾ ಆಝಾದ್ ಫೆಲೋಶಿಪ್ ಕೂಡ ನಿಂತಿತು.

ಯೋಜನೆಯನ್ನು ಹಿಂತೆಗೆಯುವುದು ಸರಕಾರದ ನೀತಿಯ ವಿಷಯವೆಂದು ನ್ಯಾಯಾಲಯಗಳು ಸಾಮಾನ್ಯವಾಗಿ ಹಿಂಜರಿಯುತ್ತವೆ, ನಿಜ. ಆದರೆ ಸಬ್ಸಿಡಿಯ ಬಗ್ಗೆ ವೇದಿಕೆಗಳಲ್ಲಿ ಗಂಟೆಗಟ್ಟಲೆ ಗುಡುಗಿದ ನಮ್ಮ ಮುಖಂಡರು, ಕಾಯಿ ಸುಲಿಯುವವನ ಮಗಳ ವಿದ್ಯಾರ್ಥಿವೇತನಕ್ಕಾಗಿ ಎಷ್ಟು ಹೊತ್ತು ಮಾತನಾಡಿದ್ದಾರೆ?